ಕೈಗಿಂತ ಕಿವಿಗೇ ಹೆಚ್ಚು ಹಿತವಾದ ಮಿಟ್

33.5 ಇಂಚಿನ ಕ್ಯಾಚರ್ ಮಿಟ್, ಅಂದರೆ ಬೇಸ್‌ಬಾಲ್‌ನಲ್ಲಿ ಬ್ಯಾಟರ್ ಹಿಂದೆ ಕೂತು ಚೆಂಡು ಹಿಡಿಯುವವನ ದಪ್ಪ ಗ್ಲೌಸ್. ಸ್ಟೀರ್‌ಹೈಡ್ (ಎತ್ತಿನ) ಚರ್ಮ, ಹೆಬ್ಬೆರಳು ಮತ್ತು ತೋರುಬೆರಳ ಭಾಗಗಳನ್ನು ಬೆಸೆಯುವ ವೆಬ್ ಸಂದಿಯಿಲ್ಲದ ಒಂದೇ ತುಂಡು. ಬೆಲೆ 280 ಡಾಲರ್ ಚಿಲ್ಲರೆ, ಟ್ಯಾಕ್ಸ್ ಬೇರೆ. ಕಂಪನಿ ಹೆಸರು ಬರೆಯುವುದಿಲ್ಲ, ಯಾಕೆಂದರೆ ಮುಂದೆ ಸ್ವಲ್ಪ ಬೈಯುವುದಿದೆ. ಈ ದರ್ಜೆಯ ಮಿಟ್ಟನ್ನು ಎಲ್ಲ ದೊಡ್ಡ ಕಂಪನಿಗಳೂ ಮಾಡುತ್ತವೆ. ಹಾಗಾಗಿ ನಾನು ಹೇಳುವುದರಲ್ಲಿ ಮುಕ್ಕಾಲು ಪಾಲು ಯಾವ ಕಂಪನಿಯದಕ್ಕಾದರೂ ಹೊಂದುತ್ತದೆ.

ಅಂತರ್ಜಾಲದಲ್ಲಿ ಸಿಗುವ ಮಿಟ್ ವಿಮರ್ಶೆಗಳೆಲ್ಲ ಮ್ಯಾಚ್ ಆಡುವ ಕ್ಯಾಚರ್‌ಗಳಿಗೆ ಬರೆದವು. ಸ್ಟೀಲ್ ಮಾಡುವವನನ್ನು, ಅಂದರೆ ಎಸೆತದ ಹೊತ್ತಿನಲ್ಲೇ ಮುಂದಿನ ಬೇಸ್‌ಗೆ ಓಡುವವನನ್ನು, ಔಟ್ ಮಾಡಲು ಚೆಂಡನ್ನು ಮಿಟ್‌ನಿಂದ ಎಷ್ಟು ಬೇಗ ಹೊರಗೆ ತೆಗೆಯಬಹುದು, ತೂಕ ಎಷ್ಟು, ಬಣ್ಣ ಯಾವುದು, ಇಂಥವೇ. ನನಗೆ ಅವು ಯಾವುವೂ ಬೇಕಿರಲಿಲ್ಲ. ನಾನು ಯಾರನ್ನೂ ಔಟ್ ಮಾಡುವುದಿಲ್ಲ. ನಾನು ಬುಲ್‌ಪೆನ್ ಕ್ಯಾಚರ್, ಅದೂ ಸಂಬಳವಿಲ್ಲದವನು. ಪಿಚರ್‌ಗಳು, ಅಂದರೆ ಚೆಂಡು ಎಸೆಯುವವರು, ಮ್ಯಾಚ್‌ಗೆ ಇಳಿಯುವ ಮುಂಚೆ ವಾರ್ಮ್ ಅಪ್ ಮಾಡುವ ಜಾಗ ಬುಲ್‌ಪೆನ್. ಅಲ್ಲಿ ಅವರ ಚೆಂಡು ಹಿಡಿಯುವವನು ನಾನು.

ಬಾಸ್ಟನ್ ಹತ್ತಿರದ ನಮ್ಮೂರಿನ ಹೈಸ್ಕೂಲ್ ತಂಡದಲ್ಲಿ ಮಗ ಪಿಚರ್. ತಂಡಕ್ಕೆ ಇರುವುದೇ ಇಬ್ಬರು ಕ್ಯಾಚರ್‌ಗಳು. ಮ್ಯಾಚ್ ನಡೆಯುವಾಗ ಒಬ್ಬ ಪ್ಲೇಟ್ (ಬ್ಯಾಟರ್ ಪಕ್ಕದಲ್ಲಿ ನೆಲದ ಮೇಲಿರುವ ಹಲಗೆ) ಹಿಂದೆ ಇರುತ್ತಾನೆ, ಇನ್ನೊಬ್ಬನನ್ನು ಕೋಚ್ ಎಲ್ಲಾದರೂ ಔಟ್‌ಫೀಲ್ಡಿನಲ್ಲಿ ನಿಲ್ಲಿಸಿರುತ್ತಾರೆ. ಮುಂದಿನ ಪಿಚರ್ ವಾರ್ಮ್ ಅಪ್ ಮಾಡಬೇಕಾದರೆ ಎದುರಿಗೆ ಕೂರಲು ಜನವೇ ಇಲ್ಲ. ಅಪ್ಪ ಕಾಲೇಜಿನಲ್ಲಿ ವಿಕೆಟ್ ಕೀಪರ್ ಆಗಿದ್ದರು ಅಂತ ಮಗ ಕೋಚ್ ಕಿವಿಗೆ ಹಾಕಿದ. ಮ್ಯಾಸಚೂಸೆಟ್ಸ್‌ನಲ್ಲಿ ಶಾಲೆಗೆ ವಾಲಂಟಿಯರ್ ಆಗಲು ಪೊಲೀಸ್ ದಾಖಲೆಯ ತಪಾಸಣೆ ಆಗಬೇಕು, ಅದೂ ಆಯಿತು. ಆಮೇಲೆ ಫೆನ್ಸಿನ ಆಚೆ ಒಂದು ಬಕೆಟ್ ಮೇಲೆ ನನ್ನ ಜಾಗ ಗಟ್ಟಿಯಾಯಿತು.

ವಿಕೆಟ್ ಕೀಪಿಂಗ್ ಮಾಡಿದವರಿಗೆ ಇದು ಸುಲಭ ಅಂತ ಯಾರಾದರೂ ಹೇಳಿದರೆ ನಂಬಬೇಡಿ. ಅಲ್ಲಿ ಎರಡು ಕೈಗೂ ಗ್ಲೌಸ್, ಇಲ್ಲಿ ಒಂದೇ ಕೈಗೆ. ಅಲ್ಲಿ ಚೆಂಡಿನ ಜೊತೆ ಕೈಯನ್ನು ಹಿಂದಕ್ಕೆ ಬಿಡುತ್ತಾ ಹಿಡಿಯಬೇಕು, ಹಾಗೆ ಬಿಡದಿದ್ದರೆ ಬೆರಳು ಹೋಯಿತು. ಇಲ್ಲಿ ಕೈ ಹಿಂದೆ ಹೋದರೆ ಕೋಚ್ ಬೈಯುತ್ತಾರೆ. ಹಿಡಿದ ಚೆಂಡು ಹಿಡಿದಲ್ಲೇ ನಿಲ್ಲಬೇಕು, ಇಲ್ಲವೇ ಸ್ವಲ್ಪ ಸ್ಟ್ರೈಕ್ ಜೋನ್ (ಎಸೆತ ಸರಿ ಅನಿಸಿಕೊಳ್ಳಲು ದಾಟಬೇಕಾದ ಜಾಗ) ಕಡೆಗೆ ಬರಬೇಕು. ಇದಕ್ಕೇ ಫ್ರೇಮಿಂಗ್ ಅನ್ನುವುದು. ಬೇಸ್‌ಬಾಲ್ ತೂಕ 142ರಿಂದ 149 ಗ್ರಾಂ, ಕ್ರಿಕೆಟ್ ಚೆಂಡಿಗಿಂತ ಹಗುರ, ನಿಜ. ಆದರೆ ಅದು ನೆಲಕ್ಕೆ ಬಿದ್ದು ವೇಗ ಕಳೆದುಕೊಂಡು ಬರುವುದಿಲ್ಲ. ಪಿಚರ್ ಕಾಲಿಟ್ಟು ಎಸೆಯುವ ರಬ್ಬರ್ ಪಟ್ಟಿಯಿಂದ ಪ್ಲೇಟ್‌ವರೆಗೆ 60 ಅಡಿ 6 ಇಂಚು, ಅಂದರೆ 18.44 ಮೀಟರ್. ನಮ್ಮ ಹುಡುಗರಲ್ಲಿ ಜೋರಾಗಿ ಎಸೆಯುವವನು ಗಂಟೆಗೆ 80 ಮೈಲಿ ಮುಟ್ಟುತ್ತಾನೆ. ಅವನ ಕೈ ಬಿಟ್ಟ ಚೆಂಡು ನನ್ನ ಕೈಗೆ ಬರಲು ಹೆಚ್ಚುಕಡಿಮೆ ಅರ್ಧ ಸೆಕೆಂಡು ಸಾಕು.

ಇನ್ನು ಮಿಟ್‌ಗೆ ಬರೋಣ.

ಮೊದಲ ಸಲ ಕೊಳ್ಳುವವರಿಗೆ ಅಳತೆಯಲ್ಲೇ ಗೊಂದಲ. ಫೀಲ್ಡರ್‌ಗಳ ಗ್ಲೌಸನ್ನು ಬುಡದಿಂದ ತುದಿಗೆ ಅಳೆಯುತ್ತಾರೆ, 11 ಇಂಚು, 12 ಇಂಚು ಅಂತ. ಕ್ಯಾಚರ್ ಮಿಟ್ಟನ್ನು ಅಂಚಿನ ಸುತ್ತ ಟೇಪ್ ಹಿಡಿದು ಅಳೆಯುತ್ತಾರೆ. ಆದ್ದರಿಂದ 33.5 ಅನ್ನುವ ಸಂಖ್ಯೆ ನೋಡಿ ಹೆದರಬೇಡಿ. ನಿಯಮದ ಪ್ರಕಾರ ಸುತ್ತಳತೆ 38 ಇಂಚಿನವರೆಗೆ ಇರಬಹುದು. ಆ ಮಿತಿ ಬಂದದ್ದಕ್ಕೂ ಒಂದು ಕಥೆಯಿದೆ. 1960ರಲ್ಲಿ ಬಾಲ್ಟಿಮೋರ್ ಓರಿಯೋಲ್ಸ್ ಮ್ಯಾನೇಜರ್ ಪಾಲ್ ರಿಚರ್ಡ್ಸ್, ಪಿಚರ್ ಹಾಯ್ಟ್ ವಿಲ್ಹೆಮ್ ಎಸೆಯುವ ನಕಲ್‌ಬಾಲ್ (ಹೆಚ್ಚು ಸುತ್ತದೆ ಗಾಳಿಯಲ್ಲಿ ಓಲಾಡುತ್ತಾ ಬರುವ ಎಸೆತ) ಹಿಡಿಯಲಾಗದೆ ಒದ್ದಾಡುತ್ತಿದ್ದ ತನ್ನ ಕ್ಯಾಚರ್‌ಗೆ ಒಂದು ದೈತ್ಯ ಮಿಟ್ ಮಾಡಿಸಿಕೊಟ್ಟ. ಆಮೇಲೆ ಲೀಗ್‌ನವರು ಎಚ್ಚೆತ್ತು ಗಾತ್ರಕ್ಕೆ ಕಡಿವಾಣ ಹಾಕಿದರು.

ಅಂಗಡಿಯಿಂದ ಬಂದಾಗ ನನ್ನ ಮಿಟ್ ಕಲ್ಲು. ಹಾಕಿಕೊಂಡರೆ ಮುಚ್ಚಲೇ ಆಗುವುದಿಲ್ಲ. ಒಳ್ಳೆ ಚರ್ಮದ ಲಕ್ಷಣವೇ ಅದು. ಮೊದಲ ದಿನವೇ ಬೆಣ್ಣೆಯಂತೆ ಬಾಗುವ ಅಗ್ಗದ ಮಿಟ್ ಮುಂದಿನ ಸೀಸನ್‌ಗೆ ಚೀಲದಂತೆ ಜೋತುಬೀಳುತ್ತದೆ. ಆದರೆ ಬಳಕೆಗೆ ತರುವುದು ತಾಳ್ಮೆಯ ಕೆಲಸ. ಮೈಕ್ರೋವೇವ್‌ನಲ್ಲಿ ಇಡಿ, ಎಣ್ಣೆಯಲ್ಲಿ ನೆನೆಸಿ, ಕಾರಿನ ಚಕ್ರದ ಕೆಳಗೆ ಹಾಕಿ ಅಂತ ಹೇಳುವವರೂ ಇದ್ದಾರೆ. ಅವರ ಮಾತು ಕೇಳಬೇಡಿ. ವಿಲ್ಸನ್ ಕಂಪನಿಗೆ ಗ್ಲೌಸ್ ವಿನ್ಯಾಸ ಮಾಡಿದ ಶಿಗೆಯಾಕಿ ಆಸೊ ಅವರ ವಿಧಾನ ಬೇಸ್‌ಬಾಲ್ ಜನಕ್ಕೆಲ್ಲ ಗೊತ್ತು: ಬಿಸಿನೀರನ್ನು ಮಡಿಕೆ ಬೀಳಬೇಕಾದ ಜಾಗಕ್ಕೆ ಹೊಯ್ದು, ಕೈಯಿಂದ ಬಗ್ಗಿಸಿ, ಸುತ್ತಿಗೆಯಿಂದ ಬಡಿಯುವುದು. ಗಾಬರಿಯಾಗುತ್ತದೆ, ಆದರೆ ಕೆಲಸ ಮಾಡುತ್ತದೆ. ನಾನು ನೀರು ಕಡಿಮೆ ಹಾಕಿದೆ, ಸುತ್ತಿಗೆಯನ್ನೇ ನೆಚ್ಚಿಕೊಂಡೆ. ಇದಕ್ಕೆಂದೇ ಮರದ ಸುತ್ತಿಗೆ ಸಿಗುತ್ತದೆ, ತುದಿಯಲ್ಲಿ ಚೆಂಡಿನಷ್ಟೇ ದಪ್ಪದ ಗುಂಡು. ಅದರಲ್ಲಿ ಒಂದೇ ಜಾಗಕ್ಕೆ ಹೊಡೆಯುತ್ತಾ ಇರಬೇಕು. ರಾತ್ರಿ ಊಟ ಆದಮೇಲೆ ಟಿವಿ ಮುಂದೆ ಕೂತು ಕುಟ್ಟುತ್ತಿದ್ದೆ. "ಏನ್ರೀ ಇದು, ಬೀಸೋ ಕಲ್ಲಿಗೆ ಉಳಿ ಹೊಡೆಯೋರ ಥರ" ಅಂತ ಹೆಂಡತಿ ಬೇಸ್‌ಮೆಂಟಿಗೆ ಅಟ್ಟಿದಳು.

ಹೊಡೆಯಬೇಕಾದ ಆ ಜಾಗಕ್ಕೇ ಪಾಕೆಟ್ ಅನ್ನುವುದು. ಹೆಬ್ಬೆರಳು ಮತ್ತು ತೋರುಬೆರಳ ನಡುವೆ, ವೆಬ್ ಶುರುವಾಗುವ ಬುಡದಲ್ಲಿ ಇರುತ್ತದೆ. ಚೆಂಡು ಅಲ್ಲಿ ಬಿದ್ದರೆ ಕೈಗೆ ಏನೂ ಗೊತ್ತಾಗುವುದಿಲ್ಲ. ಒಂದು ಇಂಚು ಕೆಳಗೆ ಅಂಗೈ ಮೇಲೆ ಬಿದ್ದರೆ ಮೊಣಕೈವರೆಗೆ ಝುಮ್ಮೆನ್ನುತ್ತದೆ. ಅನುಭವಸ್ಥರು ತೋರುಬೆರಳನ್ನು ಮಿಟ್‌ನ ಹೊರಗೆ ಬಿಡುವುದು ಇದಕ್ಕೇ. ಹಿಂಭಾಗದಲ್ಲಿ ಬೆರಳಿಗೆ ಸಣ್ಣ ಮೆತ್ತೆಯ ಮುಸುಕು ಇದ್ದರೆ ಒಳ್ಳೆಯದು. ನನ್ನದರಲ್ಲಿ ಇದೆ, ಚೆನ್ನಾಗಿದೆ.

ಪಾಕೆಟ್ ಸರಿಯಾಗಿ ಕೂತ ದಿನ ಮಿಟ್ ಮಾತಾಡಲು ಶುರು ಮಾಡಿತು. ಅಲ್ಲಿಯವರೆಗೆ ಒದ್ದೆ ಬಟ್ಟೆ ಒಗೆದ ಸದ್ದು ಬರುತ್ತಿದ್ದದ್ದು, ಅವತ್ತು "ಠಪ್" ಅಂತ ಪಾರ್ಕಿಂಗ್ ಲಾಟ್‌ವರೆಗೆ ಕೇಳಿಸಿತು. ಈ ಮಿಟ್‌ನ ಅತಿ ದೊಡ್ಡ ಗುಣ ಇದೇ. ಒಂದೇ ತುಂಡಿನ ವೆಬ್, ಬಿಗಿಯಾದ ಚರ್ಮ, ಹದವಾದ ಆಳ, ಮೂರೂ ಸೇರಿ ಸದ್ದು ಚಾಟಿ ಬೀಸಿದ ಹಾಗೆ ಬರುತ್ತದೆ. ಆ ಸದ್ದು ಕೇಳಿದ ಪಿಚರ್ ಮುಖ ನೋಡಬೇಕು. ಭುಜ ಹಿಂದೆ ಹೋಗುತ್ತದೆ, ನಡಿಗೆಯೇ ಬದಲಾಗುತ್ತದೆ. ವೃತ್ತಿಪರ ಬುಲ್‌ಪೆನ್ ಕ್ಯಾಚರ್‌ಗಳು ಇದನ್ನು ಬೇಕೆಂದೇ ಮಾಡುತ್ತಾರೆ. ಮ್ಯಾಚ್‌ಗೆ ಹೋಗುವ ಮುಂಚಿನ ಕೊನೆಯ ಐದಾರು ಎಸೆತಗಳನ್ನು ಪಾಕೆಟ್‌ನ ನಟ್ಟನಡುವೆ ಹಿಡಿದು ಸದ್ದು ಕೇಳಿಸಿ ಕಳುಹಿಸುತ್ತಾರೆ.

ಮಗನಿಗೆ ಮಾತ್ರ ಇದು ಹಿಡಿಸಲಿಲ್ಲ. "ಅಪ್ಪಾ, ನಿನ್ ಮಿಟ್ ಸುಳ್ಳು ಹೇಳುತ್ತೆ" ಅಂದ. ಅವನು ಹೇಳಿದ್ದರಲ್ಲಿ ಹುರುಳಿದೆ. ತಂಡದ ಒಬ್ಬ ಹುಡುಗನ ಕರ್ವ್‌ಬಾಲ್ ಒಂದು ಸಂಜೆ ಬಾಗುತ್ತಲೇ ಇರಲಿಲ್ಲ, ಬೆಲ್ಟಿನ ಎತ್ತರದಲ್ಲೇ ತೇಲಿಕೊಂಡು ಬರುತ್ತಿತ್ತು. ಅಂಥ ಚೆಂಡಿಗೂ ಈ ಮಿಟ್ ಜೋರಾಗಿ ಸದ್ದು ಮಾಡಿತು. ಅವನು ಖುಷಿಯಾಗಿ ಮೌಂಡ್ (ಮೈದಾನದಲ್ಲಿ ಪಿಚರ್ ನಿಲ್ಲುವ ದಿಬ್ಬ) ಕಡೆ ಹೊರಟ. ನಾನು ಮಾಸ್ಕ್ ತೆಗೆದು ಹತ್ತಿರ ಹೋಗಿ, "ಫಾಸ್ಟ್‌ಬಾಲ್ ಚೆನ್ನಾಗಿದೆ. ಕರ್ವ್ ಇವತ್ತು ಬಾಗ್ತಾ ಇಲ್ಲ, ಸ್ಟ್ರೈಕ್ ಬೇಕಾದಾಗ ಅದನ್ನ ಎಸೀಬೇಡ" ಅಂತ ಇಂಗ್ಲಿಷಿನಲ್ಲಿ ಹೇಳಿದೆ. ಅವನ ಮುಖ ಬಾಡಿತು. ಆದರೆ ಆ ಇನ್ನಿಂಗ್ಸ್ ಪೂರ್ತಿ ಫಾಸ್ಟ್‌ಬಾಲನ್ನೇ ಎಸೆದ. ಒಂದು ರನ್ ಹೋಯಿತು, ಹೆಚ್ಚೇನಿಲ್ಲ.

ಇಷ್ಟಾದ ಮೇಲೆ ನನಗೆ ದೊಡ್ಡ ಲೀಗ್‌ನ ಬುಲ್‌ಪೆನ್ ಕ್ಯಾಚರ್‌ಗಳ ಬಗ್ಗೆ ಹುಚ್ಚು ಹತ್ತಿತು. ಟಿವಿಯಲ್ಲಿ ಅವರು ಕಾಣುವುದು ಅರೆಕ್ಷಣ. ಫೋನ್ ರಿಂಗಾಗುತ್ತದೆ, ಬುಲ್‌ಪೆನ್ ಕೋಚ್ ಎತ್ತುತ್ತಾರೆ, ಯಾರೋ ಒಬ್ಬ ಪಿಚರ್ ಜಾಕೆಟ್ ಬಿಚ್ಚುತ್ತಾನೆ, ಎದುರಿಗೆ ಒಬ್ಬ ಮಾಸ್ಕ್ ಹಾಕಿ ಕೂರುತ್ತಾನೆ. ಆ ಕೂತವನ ಹೆಸರನ್ನು ಕಾಮೆಂಟೇಟರ್ ಹೇಳುವುದೇ ಇಲ್ಲ. ತಂಡದ 26 ಜನರ ಪಟ್ಟಿಯಲ್ಲಿ ಅವನಿಲ್ಲ. ಯೂನಿಫಾರ್ಮ್ ಇದೆ, ಆದರೆ ಮ್ಯಾಚ್ ಆಡುವ ಹಾಗಿಲ್ಲ. ಮಧ್ಯಾಹ್ನವೇ ಮೈದಾನಕ್ಕೆ ಬಂದು, ಮುಂದಿನ ದಿನಗಳಲ್ಲಿ ಆಡಬೇಕಾದ ಸ್ಟಾರ್ಟರ್‌ಗಳ (ಮ್ಯಾಚ್ ಶುರು ಮಾಡುವ ಪಿಚರ್‌ಗಳ) ಅಭ್ಯಾಸಕ್ಕೆ ಕೂರುತ್ತಾನೆ, ಬ್ಯಾಟ್ಸ್‌ಮನ್‌ಗಳಿಗೆ ಪ್ರಾಕ್ಟೀಸ್ ಚೆಂಡು ಎಸೆಯುತ್ತಾನೆ, ಬಿದ್ದ ಚೆಂಡು ಹೆಕ್ಕುತ್ತಾನೆ. ರಾತ್ರಿ ರಿಲೀವರ್‌ಗಳು, ಅಂದರೆ ಮ್ಯಾಚ್ ನಡುವೆ ಬದಲಿಯಾಗಿ ಬರುವ ಪಿಚರ್‌ಗಳು, ಒಬ್ಬರ ಹಿಂದೆ ಒಬ್ಬರು ಏಳುತ್ತಾರೆ. ಕೆಲವರು ವಾರ್ಮ್ ಅಪ್ ಮಾಡಿ ಮ್ಯಾಚ್‌ಗೆ ಹೋಗದೆ ಮತ್ತೆ ಕೂರುತ್ತಾರೆ. ಅವರ ಲೆಕ್ಕ ಅಂಕಿ ಅಂಶದಲ್ಲಿ ಬರುವುದಿಲ್ಲ, ಇವನ ಅಂಗೈ ಮೇಲೆ ಬರುತ್ತದೆ.

ತಂಡ ವರ್ಲ್ಡ್ ಸೀರೀಸ್ (ದೊಡ್ಡ ಲೀಗ್‌ನ ಫೈನಲ್) ಗೆದ್ದರೆ ಹಣದ ಪಾಲು ಯಾರಿಗೆ ಎಷ್ಟು ಅಂತ ಆಟಗಾರರೇ ಮತ ಹಾಕಿ ತೀರ್ಮಾನಿಸುತ್ತಾರೆ. ಬುಲ್‌ಪೆನ್ ಕ್ಯಾಚರ್‌ನ ಬೆಲೆ ಆಟಗಾರರ ಕಣ್ಣಲ್ಲಿ ಎಷ್ಟು ಅನ್ನುವುದು ಅಲ್ಲಿ ಗೊತ್ತಾಗುತ್ತದೆ.

ನಮ್ಮ ಕಡೆಯವನೇ ಆದ ಡೇನಾ ಲೆವ್ಯಾಂಜಿ ನನಗೆ ಅಚ್ಚುಮೆಚ್ಚು. ನಮ್ಮ ಕಡೆ ಅಂದರೆ ಮ್ಯಾಸಚೂಸೆಟ್ಸ್ ಕಡೆ. 1991ರಲ್ಲಿ ಬಾಸ್ಟನ್‌ನ ರೆಡ್ ಸಾಕ್ಸ್ ತಂಡ ಅವನನ್ನು ಡ್ರಾಫ್ಟ್‌ನಲ್ಲಿ (ತಂಡಗಳು ಹೊಸಬರನ್ನು ಆರಿಸುವಾಗ) ತೆಗೆದುಕೊಂಡಿತು. 1996ರವರೆಗೆ ಮೈನರ್ ಲೀಗ್‌ಗಳಲ್ಲಿ ಕ್ಯಾಚರ್ ಆಗಿ ಆಡಿದ, ದೊಡ್ಡ ಲೀಗ್‌ನಲ್ಲಿ ಒಂದು ಮ್ಯಾಚೂ ಸಿಗಲಿಲ್ಲ. 1997ರಲ್ಲಿ ಅದೇ ತಂಡದ ಬುಲ್‌ಪೆನ್ ಕ್ಯಾಚರ್ ಆದ. 2004ರಲ್ಲಿ ರೆಡ್ ಸಾಕ್ಸ್ 1918ರ ನಂತರ ಮೊದಲ ಸಲ ವರ್ಲ್ಡ್ ಸೀರೀಸ್ ಗೆದ್ದಾಗಲೂ ಅವನು ಅಲ್ಲೇ ಕೂತಿದ್ದ. ಆಮೇಲೆ ಸ್ಕೌಟ್ ಆದ. ಸ್ಕೌಟ್ ಅಂದರೆ ಊರೂರು ಸುತ್ತಿ, ಬೇರೆ ತಂಡದ ಆಟಗಾರರನ್ನು ನೋಡಿ, ಇವನಲ್ಲಿ ಇಷ್ಟಿದೆ, ಇಷ್ಟಿಲ್ಲ ಅಂತ ಮುಲಾಜಿಲ್ಲದೆ ವರದಿ ಬರೆಯುವವನು. ಎಂಟು ವರ್ಷ ಪಿಚರ್‌ಗಳಿಗೆ ಸದ್ದು ಕೇಳಿಸಿ ಧೈರ್ಯ ಕೊಟ್ಟವನು ಮುಂದೆ ಅದಕ್ಕೆ ತದ್ವಿರುದ್ಧದ ಕೆಲಸ ಮಾಡಿದ ನೋಡಿ. ಎರಡೂ ಬೇಕು ಅಂತ ನನಗೆ ಅನಿಸುವುದು ಇಲ್ಲೇ.

2013ರಲ್ಲಿ ಬುಲ್‌ಪೆನ್ ಕೋಚ್ ಆಗಿ ವಾಪಸ್ ಬಂದ. ಆ ವರ್ಷ ಅಕ್ಟೋಬರ್ 13ರ ರಾತ್ರಿ ಡೆಟ್ರಾಯ್ಟ್ ವಿರುದ್ಧ ರೆಡ್ ಸಾಕ್ಸ್ 5-1ರಿಂದ ಹಿಂದಿತ್ತು. ಎಂಟನೇ ಇನ್ನಿಂಗ್ಸ್‌ನಲ್ಲಿ ಡೇವಿಡ್ ಒರ್ಟಿಜ್ ಹೊಡೆದ ಗ್ರ್ಯಾಂಡ್ ಸ್ಲ್ಯಾಮ್ (ಒಂದೇ ಹೊಡೆತಕ್ಕೆ ನಾಲ್ಕು ರನ್) ನೇರವಾಗಿ ಫೆನ್‌ವೇ ಪಾರ್ಕಿನ ಬುಲ್‌ಪೆನ್‌ಗೆ ಬಿತ್ತು. ಹಿಡಿಯಲು ಹಾರಿದ ಡೆಟ್ರಾಯ್ಟ್ ಫೀಲ್ಡರ್ ಟೋರಿ ಹಂಟರ್ ಕಾಲು ಮೇಲಾಗಿ ಗೋಡೆಯಾಚೆ ಉರುಳಿದ, ಅಲ್ಲೇ ನಿಂತಿದ್ದ ಪೊಲೀಸ್ ಎರಡೂ ಕೈ ಮೇಲೆತ್ತಿದ. ಆ ಫೋಟೋ ಇಲ್ಲಿ ಪಿಜ್ಜಾ ಅಂಗಡಿಯ ಗೋಡೆಗಳಲ್ಲೂ ಇದೆ. ಮ್ಯಾಚ್ 6-5, ಆ ವರ್ಷದ ವರ್ಲ್ಡ್ ಸೀರೀಸ್ ಕೂಡ ಬಾಸ್ಟನ್‌ಗೆ. 2018ರಲ್ಲಿ ಲೆವ್ಯಾಂಜಿಯನ್ನು ಪಿಚಿಂಗ್ ಕೋಚ್ ಮಾಡಿದರು. ತಂಡ 108 ಮ್ಯಾಚ್ ಗೆದ್ದು ಮತ್ತೆ ಚಾಂಪಿಯನ್ ಆಯಿತು. 2019 ಚೆನ್ನಾಗಿ ಹೋಗಲಿಲ್ಲ, ಸೀಸನ್ ಮುಗಿದ ಕೂಡಲೇ ಆ ಹುದ್ದೆ ಹೋಯಿತು. ಬೇಸ್‌ಬಾಲ್‌ನಲ್ಲಿ ಕೋಚ್‌ಗಳ ಪಾಡು ಇಷ್ಟೇ.

ಬದ್ಧ ಎದುರಾಳಿ ನ್ಯೂಯಾರ್ಕ್ ಯಾಂಕೀಸ್ ಹೆಸರೆತ್ತಿದರೆ ನಮ್ಮ ಬೀದಿಯಲ್ಲಿ ಮುಖ ಸಿಂಡರಿಸುತ್ತಾರೆ. ಆದರೂ ಮೈಕ್ ಬೋರ್ಜೆಲ್ಲೊ ಬಗ್ಗೆ ಹೇಳದಿದ್ದರೆ ಆಗದು. 1996ರಿಂದ ಅಲ್ಲಿ ಬುಲ್‌ಪೆನ್ ಕ್ಯಾಚರ್ ಆಗಿದ್ದವನು. 1997ರಲ್ಲಿ ಅಲ್ಲಿನ ಪಿಚರ್ ಮರಿಯಾನೊ ರಿವೆರಾ ಎಸೆದ ಫಾಸ್ಟ್‌ಬಾಲ್ ಇದ್ದಕ್ಕಿದ್ದಂತೆ ಕೊನೆ ಗಳಿಗೆಯಲ್ಲಿ ಪಕ್ಕಕ್ಕೆ ಸರಿಯಲು ಶುರುವಾಯಿತು. ಪಿಚಿಂಗ್ ಕೋಚ್ ಮೆಲ್ ಸ್ಟಾಟಲ್‌ಮೈರ್ ಮತ್ತು ಬೋರ್ಜೆಲ್ಲೊ ಇಬ್ಬರೂ ಸೇರಿ ಅದನ್ನು ನೇರ ಮಾಡಲು ಹೆಣಗಿದರು, ಆಗಲಿಲ್ಲ. ಆ ಸರಿಯುವ ಚೆಂಡೇ ಕಟರ್. ರಿವೆರಾ ಹೆಚ್ಚಾಗಿ ಅದನ್ನೇ ನಂಬಿ ಒಟ್ಟು 652 ಸೇವ್ (ಕೊನೆಗೆ ಬಂದು ತಂಡದ ಗೆಲುವು ಉಳಿಸುವುದು) ಮಾಡಿದ, 2019ರಲ್ಲಿ ಒಂದು ಮತವೂ ತಪ್ಪದೆ ಹಾಲ್ ಆಫ್ ಫೇಮ್ ಸೇರಿದ. ಆ ಚೆಂಡನ್ನು ಸರಿಪಡಿಸಲು ಎದುರಿಗೆ ಕೂತು ಹಿಡಿದವರಲ್ಲಿ ಒಬ್ಬ ಬುಲ್‌ಪೆನ್ ಕ್ಯಾಚರ್! ಮುಂದೆ ಬೋರ್ಜೆಲ್ಲೊ ಶಿಕಾಗೊ ಕಬ್ಸ್‌ನಲ್ಲಿ ಕೋಚ್ ಆಗಿ, ಎದುರಾಳಿ ಬ್ಯಾಟರ್‌ಗಳಿಗೆ ಹೇಗೆ ಎಸೆಯಬೇಕು ಅನ್ನುವ ತಂತ್ರ ಹೂಡುವ ಕೆಲಸ ಮಾಡಿದ. 2016ರಲ್ಲಿ ಕಬ್ಸ್ ಗೆದ್ದಾಗ ಅಲ್ಲಿದ್ದ. ಸ್ಯಾನ್ ಫ್ರಾನ್ಸಿಸ್ಕೊ ಜೈಂಟ್ಸ್‌ನಲ್ಲಿ ಟೈರಾ ಉಯೆಮಾಟ್ಸು ಇದ್ದ. ಜಪಾನಿನಿಂದ ಓದಲು ಬಂದವನು, 2010, 2012, 2014ರ ಮೂರೂ ಗೆಲುವುಗಳಲ್ಲಿ ಬುಲ್‌ಪೆನ್ ಕ್ಯಾಚರ್. ಹೊರದೇಶದಿಂದ ಬಂದ ನನ್ನಂಥವನಿಗೆ ಅವನ ಕಥೆ ಸುಮ್ನೆ ಓದಿದರೂ ಖುಷಿ.

ಈಗಿನ ಬುಲ್‌ಪೆನ್‌ನಲ್ಲಿ ಕ್ಯಾಮೆರಾ, ರೇಡಾರ್, ಟ್ಯಾಬ್ಲೆಟ್ ಎಲ್ಲ ಇವೆ. ಚೆಂಡು ಎಷ್ಟು ಸುತ್ತಿತು, ಎಷ್ಟು ಇಂಚು ಬಾಗಿತು ಅಂತ ಅವೇ ಹೇಳುತ್ತವೆ. ಮಿಟ್‌ನ ಸದ್ದಿಗೆ ಅಲ್ಲಿ ಲೆಕ್ಕವಿಲ್ಲ. ಆದರೆ ಪಿಚರ್‌ನ ಕಿವಿ ಇನ್ನೂ ಬದಲಾಗಿಲ್ಲ, ಅಲ್ವಾ?

ಬೈಯುವುದಿದೆ ಅಂದಿದ್ದೆ. ಮೊದಲನೆಯದು ಲೇಸ್. ಇಷ್ಟು ಬೆಲೆಯ ಮಿಟ್‌ಗೆ ಒಳ್ಳೆಯ ಚರ್ಮದ ದಾರ ಹಾಕಲು ಏನು ಧಾಡಿ? ಮೊದಲ ಸೀಸನ್ ಅರ್ಧ ಮುಗಿಯುವ ಮುಂಚೆ ವೆಬ್ ಕಟ್ಟುವ ಲೇಸ್ ಒಣಗಿ, ಬಿರುಕು ಬಿಟ್ಟು, ಒಂದು ಸ್ಲೈಡರ್ (ಪಕ್ಕಕ್ಕೆ ಜಾರುವ ಎಸೆತ) ಹಿಡಿಯುವಾಗ ಪಟ್ಟೆಂದು ಕಿತ್ತುಬಂತು. ಚೆಂಡು ವೆಬ್ ತೂರಿ ನನ್ನ ಮಾಸ್ಕ್‌ಗೆ ಬಡಿಯಿತು. ಮಾಸ್ಕ್ ಇಲ್ಲದೆ ಯಾವತ್ತೂ ಕೂರಬೇಡಿ, ಎಂಥ ನಿಧಾನದ ಪಿಚರ್ ಇದ್ದರೂ ಸರಿ. ಕಂಪನಿಗೆ ಬರೆದರೆ ಲೇಸ್ ಸವೆಯುವ ವಸ್ತು, ವಾರಂಟಿಗೆ ಬರುವುದಿಲ್ಲ ಅಂತ ಉತ್ತರ. ಹೊಸ ಲೇಸ್ ತರಿಸಿ, ಉದ್ದನೆಯ ಲೇಸಿಂಗ್ ಸೂಜಿ ಹಿಡಿದು ನಾನೇ ಕಟ್ಟಿದೆ. ಈಗ ಮೊದಲಿಗಿಂತ ಗಟ್ಟಿ. ಹೊಸ ಮಿಟ್ ಕೊಂಡ ದಿನವೇ ಒಂದು ಜೊತೆ ಲೇಸ್ ಕೂಡ ತಂದಿಟ್ಟುಕೊಳ್ಳಿ.

ಎರಡನೆಯದು ಹೆಬ್ಬೆರಳು. ಮಿಟ್‌ನ ಹೆಬ್ಬೆರಳಿನ ಕಡೆ ಮೆತ್ತೆ ಸಾಲದು. ಎಡಗೈ ಪಿಚರ್ ಸಿಂಕರ್ (ಕೊನೆಯಲ್ಲಿ ಕೆಳಕ್ಕಿಳಿಯುವ ಎಸೆತ) ಎಸೆದರೆ ಚೆಂಡು ಕೊನೆಯಲ್ಲಿ ನನ್ನ ಬಲಕ್ಕೆ, ಅಂದರೆ ಮಿಟ್‌ನ ಹೆಬ್ಬೆರಳ ಕಡೆಗೇ ಓಡುತ್ತದೆ. ಪಾಕೆಟ್‌ನಲ್ಲಿ ಹಿಡಿಯುತ್ತೇನೆ ಅಂದುಕೊಂಡಿದ್ದು ಹೆಬ್ಬೆರಳನ್ನು ಹಿಂದಕ್ಕೆ ಬಗ್ಗಿಸಿಕೊಂಡು ಹೋಗುತ್ತದೆ. ಮರುದಿನ ಆಫೀಸಿನಲ್ಲಿ ಸ್ಪೇಸ್ ಬಾರ್ ಒತ್ತುವುದಕ್ಕೂ ನೋವು. ಮಿಟ್ ಒಳಗೆ ಹಾಕಿಕೊಳ್ಳುವ ಗಟ್ಟಿ ಪ್ಲಾಸ್ಟಿಕ್‌ನ ಥಂಬ್ ಗಾರ್ಡ್ ಬೇರೆ ಸಿಗುತ್ತದೆ, ಬಿಸಿ ಮಾಡಿ ಬೆರಳಿನ ಆಕಾರಕ್ಕೆ ಒತ್ತಿಕೊಳ್ಳುವಂಥದ್ದು. ಅದನ್ನು ತಂದ ಮೇಲೆ ನೆಮ್ಮದಿ. ಆ ಖರ್ಚನ್ನೂ ಮಿಟ್ ಬೆಲೆಗೆ ಸೇರಿಸಿಯೇ ಲೆಕ್ಕ ಹಾಕಿ. ಒಳಗೆ ಬೇಸ್‌ಬಾಲ್‌ನ ತೆಳ್ಳನೆ ಬ್ಯಾಟಿಂಗ್ ಗ್ಲೌಸ್ ಹಾಕಿಕೊಂಡರೆ ಬೆವರು ಚರ್ಮಕ್ಕೆ ಇಳಿಯುವುದಿಲ್ಲ, ವಾಸನೆಯೂ ಕಡಿಮೆ.

ಮಣಿಕಟ್ಟಿನ ಪಟ್ಟಿ ವೆಲ್ಕ್ರೋ. ಪರವಾಗಿಲ್ಲ.

ನನ್ನ ಕೆಲಸಕ್ಕೆ 33.5 ಸ್ವಲ್ಪ ಚಿಕ್ಕದೇ. ಮ್ಯಾಚ್ ಆಡುವ ಹುಡುಗನಿಗೆ ಚೆಂಡು ಬೇಗ ಕೈಗೆ ಸಿಗಬೇಕು, ಅವನಿಗೆ ಇದು ಸರಿ. ಬಕೆಟ್ ಮೇಲೆ ಕೂತು ಹಿಡಿಯುವುದಷ್ಟೇ ಕೆಲಸವಾದರೆ 34 ಅಥವಾ ಅದಕ್ಕಿಂತ ಜಾಸ್ತಿ ತೆಗೆದುಕೊಳ್ಳಿ. ಅಡ್ಡಾದಿಡ್ಡಿ ಬರುವ ಚೆಂಡಿಗೆ ಆ ಅರ್ಧ ಇಂಚು ಬೇಕಾಗುತ್ತದೆ, ಹದಿನಾರು ವರ್ಷದ ಹುಡುಗರು ಅಡ್ಡಾದಿಡ್ಡಿ ಎಸೆಯುವುದೇ ಜಾಸ್ತಿ. ಮಗು ಇನ್ನೂ ಲಿಟ್ಲ್ ಲೀಗ್‌ನಲ್ಲಿ (ಚಿಕ್ಕ ಮಕ್ಕಳ ಬೇಸ್‌ಬಾಲ್) 46 ಅಡಿಯಿಂದ ಎಸೆಯುತ್ತಿದ್ದರೆ ಇಷ್ಟು ದುಡ್ಡು ಹಾಕಬೇಡಿ. ಅದರ ಮೂರನೇ ಒಂದು ಪಾಲಿನ ಬೆಲೆಗೆ ಸಿಗುವ ಮೆತ್ತನೆ ಮಿಟ್ ಸಾಕು. ಸದ್ದು ಬರುವುದಿಲ್ಲ, ಬರದಿದ್ದರೆ ಏನೂ ಕೊರತೆಯಿಲ್ಲ.

ಐದಕ್ಕೆ ನಾಲ್ಕು ಕೊಡುತ್ತೇನೆ. ಅರ್ಧ ಲೇಸಿಗೆ ಕಳೆದದ್ದು, ಇನ್ನರ್ಧ ಹೆಬ್ಬೆರಳಿಗೆ. ಮಗನನ್ನು ಕೇಳಿದರೆ ಸದ್ದಿಗೂ ಅರ್ಧ ಕಳೆಯಬೇಕು ಅನ್ನುತ್ತಾನೆ, ಆದರೆ ದುಡ್ಡು ಕೊಟ್ಟವನು ನಾನು.